ಬೆಲೆ ಏರಿದರೂ ಇಳಿದಂತೆ ಕಾಣುವ ಲೆಕ್ಕ

ನಮ್ಮ ಕಡೆ ಚೈನಿನ ಮೇಲೆ ಓಡುವ ಅಗೆಯುವ ಯಂತ್ರವೆಲ್ಲ ‘ಹಿಟಾಚಿ’. ಟೈರಿನ ಮೇಲೆ ಓಡುತ್ತ ಮುಂದೊಂದು ಬಕೆಟ್ಟು, ಹಿಂದೊಂದು ಕೈ ಇರುವುದೆಲ್ಲ ‘ಜೆಸಿಬಿ’. ಯಾವ ಕಂಪನಿಯದ್ದೆಂದು ಯಾರೂ ಕೇಳುವುದಿಲ್ಲ, ಸೈಟಿನಲ್ಲಿ ಅಷ್ಟು ಸಾಕು. ಕಸ್ಟಮ್ಸ್ ದಾಖಲೆಯಲ್ಲಿ ಮಾತ್ರ ಮೊದಲನೆಯದು 8429 52 ಎಂಬ ಸಂಖ್ಯೆಯಡಿ ಬರುತ್ತದೆ, ಎರಡನೆಯದು ಸಾಮಾನ್ಯವಾಗಿ 8429 59ರಡಿ. ಕ್ರೇನ್‌ಗೆ 8426, ಬಿಡಿಭಾಗಗಳಿಗೆ 8431. ಪತ್ರಿಕೆಯಲ್ಲೋ ವರದಿಯಲ್ಲೋ ‘ಭಾರತದ ಆಮದು ಬೆಲೆ’ ಎಂದು ಕಾಣುವ ಅಂಕಿ ಹುಟ್ಟುವುದು ಹೀಗೆ: ಒಂದು ಸಂಖ್ಯೆಯಡಿ ಬಂದ ಒಟ್ಟು ಮೌಲ್ಯವನ್ನು ಯಂತ್ರಗಳ ಎಣಿಕೆಯಿಂದ ಭಾಗಿಸುತ್ತಾರೆ.

ಯಂತ್ರ ಖರೀದಿಗೆ ಮುನ್ನ ಗುತ್ತಿಗೆದಾರರಿಗೆ ಲೆಕ್ಕ ಹಾಕಿಕೊಡುವುದು ನನ್ನ ಕೆಲಸ. ಈಚೆಗೆ ಒಬ್ಬರು ಮೊಬೈಲಿನಲ್ಲಿ ಒಂದು ಗ್ರಾಫ್ ತೋರಿಸಿ ಕೇಳಿದರು: “ಸರ್, ಎಕ್ಸ್‌ಕವೇಟರ್ ಆಮದು ದರ ಇಷ್ಟು ಬಿದ್ದಿದೆ ಅಂತ ಇದೆ. ಡೀಲರ್ ಹೋದ ಸಲಕ್ಕಿಂತ ಜಾಸ್ತಿ ಹೇಳ್ತಿದ್ದಾನೆ. ಮೋಸ ತಾನೆ?” ಗ್ರಾಫೂ ಸುಳ್ಳಾಗಿರಲಿಲ್ಲ, ಡೀಲರೂ ಮೋಸ ಮಾಡಿರಲಿಲ್ಲ.

8429 52ರೊಳಗೆ ಏನೇನಿದೆ ನೋಡಿ. ಮೇಲ್ಭಾಗ 360 ಡಿಗ್ರಿ ತಿರುಗಿದರೆ ಸಾಕು, ಕಾಲುವೆ ತೋಡುವ ಎರಡು-ಮೂರು ಟನ್ನಿನ ಪುಟ್ಟ ಯಂತ್ರಕ್ಕೂ ಕಲ್ಲಿದ್ದಲು ಗಣಿಯ ನೂರು ಟನ್ ಮೀರಿದ ದೈತ್ಯಕ್ಕೂ ಅಲ್ಲಿ ಒಂದೇ ಮನೆ. ಆ ಗುತ್ತಿಗೆದಾರರಿಗೆ ಕಾಗದದ ಮೇಲೆ ಒಂದು ಕಾಲ್ಪನಿಕ ಲೆಕ್ಕ ಬರೆದು ತೋರಿಸಿದೆ. ಮೊದಲ ವರ್ಷ ತಲಾ ₹20 ಲಕ್ಷದ 8 ಸಣ್ಣ ಯಂತ್ರ, ತಲಾ ₹5 ಕೋಟಿಯ 2 ಗಣಿ ಯಂತ್ರ ಬಂದವು. ಸರಾಸರಿ ₹1.16 ಕೋಟಿ. ಮರುವರ್ಷ ಎರಡೂ ಬಗೆಯ ಯಂತ್ರದ ಬೆಲೆ ಶೇ 5ರಷ್ಟು ಏರಿತು, ಆದರೆ ಬಂದದ್ದು 9 ಸಣ್ಣದು, 1 ದೊಡ್ಡದು. ಸರಾಸರಿ ₹71.4 ಲಕ್ಷ. ಎಲ್ಲ ಬೆಲೆಯೂ ಏರಿದೆ, ಗ್ರಾಫ್ ಮಾತ್ರ ಶೇ 38ರಷ್ಟು ಕುಸಿದಿದೆ! ಆ ವರ್ಷ ಗಣಿ ಕಂಪನಿಗಳು ಯಂತ್ರ ತರಿಸಲಿಲ್ಲ ಎಂಬುದಷ್ಟೇ ಅದು ಹೇಳುವ ಸುದ್ದಿ.

ಇನ್ನೂ ಒಂದು ಮರೆ ಇದೆ. ದೊಡ್ಡ ಯೋಜನೆಗೆ ತರಿಸುವ ಯಂತ್ರಗಳು ‘ಪ್ರಾಜೆಕ್ಟ್ ಇಂಪೋರ್ಟ್’ ಸೌಲಭ್ಯದಡಿ 9801ರಲ್ಲಿ ದಾಖಲಾದರೆ 8429ರ ಪಟ್ಟಿಗೆ ಬರುವುದೇ ಇಲ್ಲ. ಜೊತೆಗೆ ಇಲ್ಲಿ ಓಡುವ ಬಹುಪಾಲು ಯಂತ್ರಗಳು ಇಲ್ಲೇ ಜೋಡಣೆಯಾದವು: ಬಲ್ಲಭಗಢ, ಧಾರವಾಡ, ಖರಗ್‌ಪುರ, ಚಾಕಣ್, ಬೆಂಗಳೂರಿನ ಪೀಣ್ಯ. ಅವುಗಳ ಪೈಕಿ ಹಲವು ಯಂತ್ರಗಳ ಹೈಡ್ರಾಲಿಕ್ ಪಂಪು 8413ರಲ್ಲೂ ಎಂಜಿನ್ನು 8408ರಲ್ಲೂ ಬಿಡಿಬಿಡಿಯಾಗಿ ಬಂದಿರುತ್ತವೆ. ಇಡೀ ಯಂತ್ರದ ಆಮದು ದರವನ್ನಷ್ಟೇ ನೋಡಿದವರಿಗೆ ಇವು ಕಾಣುವುದಿಲ್ಲ.

ಹಾಗಾದರೆ ನಿಜವಾದ ಬೆಲೆಯನ್ನು ಅಲುಗಾಡಿಸುವುದು ಏನು? ನನ್ನ ಅನುಭವದಲ್ಲಿ ಮೊದಲು ವಿನಿಮಯ ದರ. ಡಾಲರ್ ಏರಿತೆಂದರೆ ಆಮದೆಲ್ಲ ತುಟ್ಟಿ ಎಂದು ಜನ ಭಾವಿಸುತ್ತಾರೆ. 2020ರ ನಡುವಿನಲ್ಲಿ ಸುಮಾರು ₹75 ಇದ್ದ ಡಾಲರ್ 2024ರ ಜುಲೈ ಹೊತ್ತಿಗೆ ₹83 ದಾಟಿತ್ತು. ಅದೇ ಅವಧಿಯಲ್ಲಿ 100 ಯೆನ್‌ನ ಬೆಲೆ ಸುಮಾರು ₹70ರಿಂದ ₹52ರ ಆಸುಪಾಸಿಗೆ ಇಳಿಯಿತು. ಯೆನ್‌ನಲ್ಲಿ ಒಪ್ಪಂದ ಮಾಡಿಕೊಂಡವರಿಗೆ ಜಪಾನಿನ ಯಂತ್ರ ರೂಪಾಯಿ ಲೆಕ್ಕದಲ್ಲಿ ಅಗ್ಗವಾಯಿತು, ಡಾಲರ್‌ನಲ್ಲಿ ಮಾಡಿಕೊಂಡವರಿಗೆ ಆ ಲಾಭ ತಾನಾಗಿ ಸಿಗಲಿಲ್ಲ. ಆದ್ದರಿಂದ ಕೊಟೇಷನ್ ಕೈಗೆ ಬಂದೊಡನೆ ನಾನು ಹುಡುಕುವುದು ಅದು ಯಾವ ಹಣದಲ್ಲಿದೆ ಎಂಬುದನ್ನು.

ಆಮೇಲೆ ಸಾಗಣೆ. ಆಮದುದಾರ ಕಸ್ಟಮ್ಸ್‌ಗೆ ಸಲ್ಲಿಸುವ ಘೋಷಣೆಯಾದ ಬಿಲ್ ಆಫ್ ಎಂಟ್ರಿಯಲ್ಲಿ ಹಡಗಿನ ಬಾಡಿಗೆ, ವಿಮೆ ಸೇರಿದ ಸಿಐಎಫ್ ಮೌಲ್ಯ ಇರುತ್ತದೆ. ರಫ್ತಿನ ಅಂಕಿಗಳು ಇವೆರಡೂ ಇಲ್ಲದ ಎಫ್‌ಒಬಿ ಮೌಲ್ಯದವು. 2023ರ ಕೊನೆಯಲ್ಲಿ ಕೆಂಪು ಸಮುದ್ರದಲ್ಲಿ ದಾಳಿಗಳು ಶುರುವಾಗಿ ಹಡಗುಗಳು ಆಫ್ರಿಕಾದ ತುದಿ ಸುತ್ತಿ ಬರತೊಡಗಿದಾಗ ಯುರೋಪಿನ ಯಂತ್ರದ ಆಮದು ಮೌಲ್ಯ ಬಾಡಿಗೆಯಿಂದಲೇ ಉಬ್ಬಿತು; ಕಾರ್ಖಾನೆ ಒಂದು ಯೂರೋ ಹೆಚ್ಚಿಸದಿದ್ದರೂ. ಆಮದು ದರವನ್ನೂ ರಫ್ತು ದರವನ್ನೂ ಪಕ್ಕಪಕ್ಕ ಇಟ್ಟು ‘ನಾವು ದುಬಾರಿಗೆ ಕೊಂಡು ಅಗ್ಗಕ್ಕೆ ಮಾರುತ್ತಿದ್ದೇವೆ’ ಎನ್ನುವವರು ಈ ವ್ಯತ್ಯಾಸ ಮರೆತಿರುತ್ತಾರೆ.

ಸುಂಕದ ಲೆಕ್ಕ ಸರಳ. 8429ರ ಯಂತ್ರಕ್ಕೆ ಮೂಲ ಸುಂಕ ಶೇ 7.5, ಆ ಸುಂಕದ ಮೇಲೆ ಶೇ 10 ಸಮಾಜ ಕಲ್ಯಾಣ ಮೇಲ್ತೆರಿಗೆ, ಎಲ್ಲ ಸೇರಿದ ಮೊತ್ತದ ಮೇಲೆ ಶೇ 18 ಐಜಿಎಸ್‌ಟಿ (ಆಮದಿಗೆ ಹಾಕುವ ಜಿಎಸ್‌ಟಿ). ₹1 ಕೋಟಿಯ ಯಂತ್ರ ಬಂದರು ದಾಟುವಾಗ ₹1,27,73,500 ಆಗುತ್ತದೆ. ಐಜಿಎಸ್‌ಟಿಯ ₹19,48,500 ಮುಂದಿನ ಜಿಎಸ್‌ಟಿಯಲ್ಲಿ ವಜಾ ಆಗುವ ಕ್ರೆಡಿಟ್ ಆಗಿ ಮರಳುವವರಿಗೆ ನಿಜವಾದ ಹೊರೆ ₹8.25 ಲಕ್ಷ. ಆದರೂ ಆ ಐಜಿಎಸ್‌ಟಿ ಹಣ ತಿಂಗಳುಗಟ್ಟಲೆ ಸಿಕ್ಕಿಬೀಳುತ್ತದೆ, ಅದರ ಬಡ್ಡಿಯನ್ನು ಯಾರೂ ಯಂತ್ರದ ಬೆಲೆಗೆ ಸೇರಿಸುವುದಿಲ್ಲ. ಸೇರಿಸಬೇಕು. ಜಪಾನ್, ಕೊರಿಯಾ ಜೊತೆಗಿನ ವ್ಯಾಪಾರ ಒಪ್ಪಂದಗಳ ಸುಂಕ ರಿಯಾಯಿತಿ ಕೇಳುವವರು 2020ರ ಸೆಪ್ಟೆಂಬರ್ 21ರಿಂದ ಮೂಲ ದೇಶದ ವಿವರಗಳನ್ನು ತಾವೇ ಇಟ್ಟುಕೊಂಡಿರಬೇಕು. ಪೂರೈಕೆದಾರ ಕೊಟ್ಟ ಪ್ರಮಾಣಪತ್ರವೊಂದೇ ಸಾಲದು.

ರಫ್ತಿನ ಬೆಲೆಯಲ್ಲಿ ಹೊಗೆಯ ನಿಯಮದ ಪಾತ್ರ ದೊಡ್ಡದು. ಟೈರಿನ ಯಂತ್ರಗಳಿಗೆ 2021ರ ಏಪ್ರಿಲ್‌ನಿಂದ 4ನೇ ಹಂತ, 2025ರ ಜನವರಿ 1ರಿಂದ 5ನೇ ಹಂತದ ಮಾನದಂಡ ಬಂತು. ಎಂಜಿನ್ನಿಗೆ ಫಿಲ್ಟರು, ಸೆನ್ಸರು ಸೇರಿ ಇಲ್ಲಿ ಮಾರುವ ಯಂತ್ರ ತುಟ್ಟಿಯಾಯಿತು. ಅಂಥ ನಿಯಮವಿಲ್ಲದ ದೇಶಕ್ಕೆ ಅದೇ ಕಾರ್ಖಾನೆ ಹಳೆಯ ಎಂಜಿನ್ನಿನ ಯಂತ್ರ ಕಳಿಸಬಹುದು, ಬೆಲೆ ಕಡಿಮೆ ಇರುತ್ತದೆ. ನೋಡಲು ಅದೇ ಹಳದಿ ಯಂತ್ರ, ಒಳಗಿನ ಸರಕು ಬೇರೆ. ಡೀಸೆಲ್ ಗುಣಮಟ್ಟ ಸರಿಯಿಲ್ಲದ ಕಡೆ ಕೊಳ್ಳುವವರಿಗೂ ಹಳೆಯದೇ ಬೇಕು.

ಆ ಗುತ್ತಿಗೆದಾರರಿಗೆ ಒಂದೊಂದು ಆಮದುದಾರನ ಬಿಲ್‌ಗಳನ್ನು ಹುಡುಕಿ ಹೋಲಿಸುವ ಆಸೆಯೂ ಇತ್ತು. 2022ರಲ್ಲಿ ಕಸ್ಟಮ್ಸ್ ಕಾಯ್ದೆಗೆ ಸೇರಿದ 135ಎಎ ಕಲಮಿನ ಪ್ರಕಾರ ಅಂಥ ವಿವರಗಳನ್ನು ಅನುಮತಿಯಿಲ್ಲದೆ ಪ್ರಕಟಿಸುವುದು ಅಪರಾಧ, ಬೇಡ ಎಂದೆ. ಬದಲಿಗೆ ಅವರ ಕಪಾಟಿನಲ್ಲೇ ಇದ್ದ ಹಳೆಯ ಕೊಟೇಷನ್ ತೆಗೆಸಿ ಹೊಸದರ ಪಕ್ಕ ಇಟ್ಟೆವು: ಅದೇ ಮಾಡೆಲ್, ಅದೇ ಬಕೆಟ್ ಅಳತೆ. ಹೊಸದರಲ್ಲಿ ರಾಕ್ ಬ್ರೇಕರ್ (ಬಂಡೆ ಒಡೆಯುವ ಉಪಕರಣ) ಜೋಡಿಸಲು ಬೇಕಾದ ಪೈಪ್‌ಲೈನ್ ಮತ್ತು ಹೆಚ್ಚುವರಿ ವಾರಂಟಿ ಸೇರಿತ್ತು. ಅವೆರಡನ್ನು ಕಳೆದ ಮೇಲೆ ಉಳಿದ ಏರಿಕೆ ಸಣ್ಣದು. ಬ್ರೇಕರ್ ಅವರಿಗೆ ಬೇಕಿರಲಿಲ್ಲ. ಆ ಪೈಪ್‌ಲೈನ್ ತೆಗೆದು ಹೊಸ ಕೊಟೇಷನ್ ಕಳಿಸಿ ಎಂದು ಅಲ್ಲೇ ಕೂತು ಡೀಲರ್‌ಗೆ ಫೋನ್ ಮಾಡಿದರು.