ನೀರು ಇಳಿಯಿತು, ಪ್ರಯಾಣಿಕ ಹತ್ತಿದ

ವಿಮಾನ ಕಂಪನಿಗಳು ಹುಟ್ಟಿದ್ದೇ ಜನರನ್ನು ಹೊರೋಕೆ ಅಂತ ತುಂಬಾ ಮಂದಿ ನಂಬಿದ್ದಾರೆ. ಆದರೆ ಅಮೆರಿಕದಲ್ಲಿ ಹೆಚ್ಚಿನವು ಹುಟ್ಟಿದ್ದು ಹಾಗಲ್ಲ. ಅಲ್ಲಿ ಮೊದಲ ಮರ್ಯಾದೆ ಅಂಚೆ ಚೀಲಕ್ಕೆ. 1926ರ ಮೇ ತಿಂಗಳಲ್ಲಿ ವೆಸ್ಟರ್ನ್ ಏರ್ ಎಕ್ಸ್‌ಪ್ರೆಸ್ ಅನ್ನೋ ಕಂಪನಿಯ ಮೊದಲ ಇಬ್ಬರು ಪ್ರಯಾಣಿಕರು ಕೂತು ಬಂದದ್ದು ಆ ಚೀಲಗಳ ಮೇಲೆಯೇ!

ಸ್ಯಾನ್ ಫ್ರಾನ್ಸಿಸ್ಕೊ–ಷಿಕಾಗೊ ಅಂಚೆಗೆ ಸರ್ಕಾರ ಟೆಂಡರ್ ಕರೆದಾಗ ಬೋಯಿಂಗ್ ಒಂದು ಪೌಂಡು ತೂಕಕ್ಕೆ 2.88 ಡಾಲರ್ ಸಾಕು ಅಂದಿತು. ಇವರಿಗೆ ತಲೆ ಕೆಟ್ಟಿದೆ ಅಂದರು ಉಳಿದವರು. ಅವರು ಲೆಕ್ಕಕ್ಕೆ ಹಿಡಿಯದೆ ಬಿಟ್ಟದ್ದು ನೀರನ್ನು.

ಹಳೆಯ ಅಂಚೆ ವಿಮಾನಗಳಲ್ಲಿದ್ದದ್ದು 400 ಅಶ್ವಶಕ್ತಿಯ ಲಿಬರ್ಟಿ ಎಂಜಿನ್. ಅದೇ ಸುಮಾರು 380 ಕಿಲೋ. ಅದನ್ನು ತಣ್ಣಗಿಡಲು ನೀರು, ನೀರನ್ನು ತಣ್ಣಗಿಡಲು ರೇಡಿಯೇಟರ್, ನಡುವೆ ಪೈಪು. ಬೋಯಿಂಗ್ ಹಾಕಿದ್ದು ಹೆಚ್ಚುಕಮ್ಮಿ ಅಷ್ಟೇ ಬಲದ ವಾಸ್ಪ್ ಎಂಜಿನ್. ಸುಮಾರು 300 ಕಿಲೋ, ಒಂದು ತೊಟ್ಟೂ ನೀರಿಲ್ಲ.

ನೀರಿಲ್ಲದಿದ್ದರೆ ಎಂಜಿನ್ ಸುಟ್ಟು ಹೋಗಲ್ವಾ? ಬಿಸಿ ಕಾಫಿಯನ್ನು ನಮ್ಮಜ್ಜ ತಟ್ಟೆಗೆ ಸುರಿದು ಕುಡಿಯುತ್ತಿದ್ದರು. ಕಾಫಿ ಅಷ್ಟೇ, ಗಾಳಿಗೆ ತೆರೆದ ಮೈ ಮಾತ್ರ ಜಾಸ್ತಿ. ಬುಲೆಟ್ ಬೈಕಿನ ಎಂಜಿನ್ ಸುತ್ತ ಇರುವ ತೆಳು ರೆಕ್ಕೆಗಳ ಕೆಲಸವೂ ಅದೇ. ಒಂದೊಂದು ರೆಕ್ಕೆಯೂ ಒಂದು ತಟ್ಟೆ ಅನ್ನಿ. ಆದರೆ ಸಿಲಿಂಡರುಗಳನ್ನು ಒಂದರ ಹಿಂದೊಂದು ನಿಲ್ಲಿಸಿದರೆ ಮುಂದಿನದಕ್ಕೆ ತಂಗಾಳಿ, ಹಿಂದಿನದಕ್ಕೆ ಅದು ಬಿಟ್ಟ ಬಿಸಿಗಾಳಿ. ಮದುವೆ ಊಟದಲ್ಲಿ ಕೊನೇ ಪಂಕ್ತಿಗೆ ಕೂತವರ ಪಾಡು. ವಾಸ್ಪ್‌ನಲ್ಲಿ ಒಂಬತ್ತು ಸಿಲಿಂಡರುಗಳನ್ನು ಸೂರ್ಯಕಾಂತಿ ಹೂವಿನ ಎಸಳಿನಂತೆ ಸುತ್ತ ಜೋಡಿಸಿದ್ದರು. ಎಲ್ಲರಿಗೂ ಮೊದಲನೇ ಪಂಕ್ತಿ! ಬಡಿಸೋದು ಎದುರಿನ ಗಾಳಿ. ವಿಮಾನ ಹಾರುತ್ತಿರುವಷ್ಟು ಹೊತ್ತು ಅದಕ್ಕೇನು ಬರ?

ಹೀಗೆ ಮಿಕ್ಕ ತೂಕದಿಂದ ಬೋಯಿಂಗ್ 40ಎ ವಿಮಾನ ಸುಮಾರು 540 ಕಿಲೋ ಅಂಚೆ ಹೊತ್ತೂ ಇಬ್ಬರು ಪ್ರಯಾಣಿಕರಿಗೆ ಜಾಗ ಕೊಟ್ಟಿತು. ಆಗೆಲ್ಲ ಕಂಪನಿಗಳಿಗೆ ದುಡ್ಡು ಬರುತ್ತಿದ್ದದ್ದು ಅಂಚೆಯ ತೂಕಕ್ಕೆ ತಕ್ಕಂತೆ. ಭಾರದ ಸಾಮಾನನ್ನು ತಾವೇ ಅಂಚೆಗೆ ಹಾಕಿ, ತಾವೇ ಹೊತ್ತು, ಬಿಲ್ ಮಾಡಿದವರೂ ಇದ್ದರಂತೆ. 1930ರ ಕಾನೂನು ಬಂದು, ತೂಕದ ಬದಲು ಜಾಗಕ್ಕೆ ದುಡ್ಡು ಅಂದಮೇಲೆ ಈ ಕಳ್ಳಾಟ ನಿಂತಿತು.

1927ರ ಜುಲೈ 1ರಂದು ಬೋಯಿಂಗ್‌ನ ಅಂಚೆ ಹಾರಾಟ ಶುರುವಾಯಿತು. ಷಿಕಾಗೊದ ಪತ್ರಕರ್ತೆ ಜೇನ್ ಈಡ್ಸ್ ಆ ಮಾರ್ಗದ ಮೊದಲ ಪ್ರಯಾಣಿಕರು. ಸ್ಯಾನ್ ಫ್ರಾನ್ಸಿಸ್ಕೊಗೆ ಹತ್ತಿರ ಹತ್ತಿರ 23 ಗಂಟೆ. ಅವರು ಕೂತದ್ದು ಮುಚ್ಚಿದ ಪುಟ್ಟ ಕೋಣೆಯಲ್ಲಿ. ಪೈಲಟ್ ಮಾತ್ರ ಅವರ ಹಿಂದೆ, ತೆರೆದ ಗುಂಡಿಯಲ್ಲಿ, ತಲೆ ಹೊರಗೆ. ಎಂಜಿನ್ ತಣ್ಣಗಿಟ್ಟ ಗಾಳಿಯೇ ಅವನ ಮುಖಕ್ಕೂ ಹೊಡೆಯುತ್ತಿತ್ತು.

ಐದು ವರ್ಷದ ನಂತರ, 1932ರ ಅಕ್ಟೋಬರಿನಲ್ಲಿ, ಟಾಟಾ ಅಂಚೆ ವಿಮಾನ ಬೊಂಬಾಯಿಯಿಂದ ಮದ್ರಾಸಿಗೆ ಹೋಗುವಾಗ ನಮ್ಮ ಬಳ್ಳಾರಿಯಲ್ಲಿ ಇಳಿಯಿತು. ಪುಸ್ ಮಾತ್ ಅನ್ನೋ ಹೆಸರಿನ ಆ ವಿಮಾನದಲ್ಲೂ ಇದ್ದದ್ದು ಗಾಳಿಯಿಂದಲೇ ತಣ್ಣಗಾಗುವ ಎಂಜಿನ್. ಬಳ್ಳಾರಿ ಬಿಸಿಲಿಗೂ ಅದು ರೇಡಿಯೇಟರ್ ಕೇಳಲಿಲ್ಲ.