ಕೊಡಗೆಲ್ಲ ಕುಸಿಯುತ್ತಿದೆಯೇ?

ಪ್ರಶ್ನೆ: ಮಳೆಗಾಲ ಶುರುವಾದರೆ ಸಾಕು, ಬೆಂಗಳೂರಲ್ಲಿರುವ ಮಗ ಫೋನ್ ಮೇಲೆ ಫೋನ್ ಮಾಡಿ "ಅಮ್ಮ, ಕೂಡಲೇ ಹೊರಟು ಬಾ" ಅಂತಾನೆ. ನಾವಿಲ್ಲಿ ನಾಟಿ ಕೆಲಸದಲ್ಲಿರುತ್ತೇವೆ. ಟಿ.ವಿ. ಸುಳ್ಳು ತೋರಿಸುತ್ತಿದೆಯೇ?
– ಓದುಗರೊಬ್ಬರು, ನಾಪೋಕ್ಲು

ತೋರಿಸಿದ ಗುಡ್ಡ ಕುಸಿದಿರುವುದು ಸಾಮಾನ್ಯವಾಗಿ ನಿಜವೇ. ಆದರೆ ಕ್ಯಾಮೆರಾ ಕುಸಿದ ಕಡೆಗೇ ಹೋಗುತ್ತದೆ, ಅದರ ಕೆಲಸವೇ ಅದು. 2018ರ ಆಗಸ್ಟ್‌ನಲ್ಲಿ ಮಡಿಕೇರಿಯ ಎರಡಂತಸ್ತಿನ ಮನೆಯೊಂದು ಜಾರಿ ಬಿದ್ದ ದೃಶ್ಯ ನಿಮಗೂ ನೆನಪಿರಬೇಕು. ಮನೆ ಬಿದ್ದದ್ದು ಒಂದೇ ಸಲ, ದೂರದಲ್ಲಿ ಕೂತು ನೋಡಿದವರ ಕಣ್ಣೆದುರು ದಿನವಿಡೀ ಬೀಳುತ್ತಲೇ ಇತ್ತು. ಮಕ್ಕಂದೂರು, ಮುಕ್ಕೋಡ್ಲು, ಜೋಡುಪಾಲದ ಕಡೆಯವರು ಆಗ ಕಳೆದುಕೊಂಡದ್ದಕ್ಕೆ ಲೆಕ್ಕವಿಲ್ಲ. ಆದರೂ ಜಿಲ್ಲೆಯ ವಿಸ್ತೀರ್ಣ 4,102 ಚದರ ಕಿ.ಮೀ. ಆ ಊರುಗಳಾಚೆಯ ಕೊಡಗು ಪರದೆಗೆ ಬರಲೇ ಇಲ್ಲ.

ಮನಸ್ಸು ಲೆಕ್ಕ ಹಾಕುವ ರೀತಿಯೇ ಹಾಗೆ. ಯಾವುದು ಥಟ್ಟನೆ ನೆನಪಿಗೆ ಬರುತ್ತದೋ ಅದೇ ಹೆಚ್ಚು ನಡೆಯುತ್ತದೆ ಎಂದು ನಾವು ಅಂದಾಜಿಸುತ್ತೇವೆ. ಮನಶ್ಶಾಸ್ತ್ರಜ್ಞರಾದ ಅಮೋಸ್ ಟ್ವೆರ್ಸ್ಕಿ, ಡೇನಿಯಲ್ ಕಾನೆಮನ್ 1973ರಲ್ಲೇ ಇದನ್ನು ವಿವರಿಸಿದ್ದರು. 2013ರಲ್ಲಿ ಅಮೆರಿಕದ ಬಾಸ್ಟನ್ ಮ್ಯಾರಥಾನ್‌ನಲ್ಲಿ ಬಾಂಬ್ ಸಿಡಿದ ಬಳಿಕ ನಡೆದ ಅಧ್ಯಯನ ಇನ್ನೊಂದು ಹೆಜ್ಜೆ ಮುಂದೆ ಹೋಯಿತು. ಆ ವಾರ ದಿನಕ್ಕೆ ಆರು ತಾಸಿಗೂ ಹೆಚ್ಚು ಅದೇ ಸುದ್ದಿ ನೋಡಿದವರಲ್ಲಿ, ಸ್ಥಳದಲ್ಲಿದ್ದವರಿಗಿಂತಲೂ ಹೆಚ್ಚಿನ ಮಾನಸಿಕ ಒತ್ತಡ ಕಂಡುಬಂತು. ನಿಮ್ಮ ಮಗನ ಹೆದರಿಕೆ ನಿಜವಾದದ್ದು. ದಯವಿಟ್ಟು ಅವನ ಮೇಲೆ ರೇಗಬೇಡಿ.

ಹಳೆಯ ವಿಡಿಯೊಗಳ ಹಾವಳಿ ಬೇರೆ. 2018ರದ್ದನ್ನು "ಈಗ ಬಂದ ಸುದ್ದಿ" ಎಂದು ವಾಟ್ಸ್‌ಆ್ಯಪ್‌ನಲ್ಲಿ ಹಂಚಿದರೆ ತಾರೀಖು ನೋಡುವವರು ಯಾರು?

ಮಗನಿಗೆ ಸಮಾಧಾನ ಹೇಳುವುದಕ್ಕಿಂತ ಅಂಕಿ ಹೇಳಿ. ನಮ್ಮ ತೋಟದವರು ಮಳೆಯನ್ನು ಇಂಚಿನಲ್ಲಿ ಅಳೆದು ಪುಸ್ತಕದಲ್ಲಿ ಬರೆದಿಡುವುದು ಹಳೆಯ ರೂಢಿ. "ಇವತ್ತು ಮೂರಿಂಚು, ಹೊಳೆ ಗದ್ದೆಗೆ ಏರಿಲ್ಲ, ಕರೆಂಟ್ ಮಾತ್ರ ಇಲ್ಲ" ಎಂದು ದಿನಾ ಸಂಜೆ ತಿಳಿಸಿದರೆ, ಅವನ ಮನಸ್ಸಿನಲ್ಲಿ ಟಿ.ವಿ.ಯ ಚಿತ್ರದ ಪಕ್ಕಕ್ಕೆ ನಿಮ್ಮ ಊರೂ ಬಂದು ನಿಲ್ಲುತ್ತದೆ.

ಹಾಗಂತ ನಮ್ಮ ಅಂಗಳದಿಂದ ಕಂಡದ್ದೂ ಪೂರ್ತಿಯಲ್ಲ. 2020ರ ಆಗಸ್ಟ್‌ನಲ್ಲಿ ತಲಕಾವೇರಿಯ ಬ್ರಹ್ಮಗಿರಿ ಕುಸಿದಾಗ ಅರ್ಚಕರ ಮನೆ ಮಣ್ಣಿನಡಿ ಸೇರಿತು. ಮನೆ ಹಿಂದಿನ ಬರೆಯಲ್ಲಿ (ಕಡಿದಾದ ಮಣ್ಣಿನ ದಿಬ್ಬದಲ್ಲಿ) ಬಿರುಕು ಬಿಟ್ಟಿದ್ದರೆ, ಮರಗಳು ವಾಲುತ್ತಿದ್ದರೆ, ಒರತೆ ನೀರು ಇದ್ದಕ್ಕಿದ್ದಂತೆ ಕೆಂಪಾದರೆ ಮಗನ ಮಾತು ಕೇಳಿ, ಅವತ್ತೇ ಹೊರಡಿ.