ಬಾಡಿದ ಗಿಡಕ್ಕೆ ಮುತ್ತುವ ನೀಲಿ ಚಿಟ್ಟೆ

ನವೆಂಬರ್ ಮೊದಲ ವಾರ. ಸುಂಟಿಕೊಪ್ಪದ ಕಡೆಯ ಒಂದು ತೋಟದಲ್ಲಿ, ಹೊಸದಾಗಿ ನೆಟ್ಟ ಕಾಫಿ ಸಾಲುಗಳ ನಡುವೆ ಗಿಜಿಗಿಜಿ ಗಿಡ ಸೊಂಟದೆತ್ತರ ಬೆಳೆದಿತ್ತು. ಮಕ್ಕಳು ಒಣಕಾಯಿ ಅಲ್ಲಾಡಿಸಿ ಸದ್ದು ಮಾಡಿಕೊಂಡು ಆಡುತ್ತಾರಲ್ಲ, ಸೆಣಬಿನ ಬಳಗದ ಅದೇ ಗಿಡ. ಹೂವೆಲ್ಲ ಉದುರಿತ್ತು. ಆದರೂ ಬಾಡಿದ ಒಂದೇ ಕೊಂಬೆಗೆ ಇಪ್ಪತ್ತಕ್ಕೂ ಹೆಚ್ಚು ಚಿಟ್ಟೆಗಳು ಜೋತುಬಿದ್ದಿದ್ದವು. ಕಪ್ಪು ರೆಕ್ಕೆ, ಅದರ ತುಂಬ ತಿಳಿನೀಲಿ ಗೆರೆ, ಚುಕ್ಕಿ. ಡಾರ್ಕ್ ಬ್ಲೂ ಟೈಗರ್, ಅಂದರೆ ಕಡುನೀಲಿ ಹುಲಿ.

ಪಕ್ಕದಲ್ಲೇ ಕೂತು ನೋಡಿದೆ. ಒಂದು ಚಿಟ್ಟೆ ಕಾಲಿನಿಂದ ಎಲೆ ಕೆರೆಯಿತು. ಸುರುಳಿ ಸುತ್ತಿದ ಹೀರುನಳಿಕೆ ಬಿಚ್ಚಿ, ಕೆರೆದ ಜಾಗವನ್ನು ತೇವ ಮಾಡಿ, ಅದನ್ನೇ ಮತ್ತೆ ಹೀರಿಕೊಂಡಿತು. ಅದಕ್ಕೆ ಬೇಕಿದ್ದದ್ದು ಮಕರಂದವಲ್ಲ, ಗಿಡ ತನ್ನ ರಕ್ಷಣೆಗೆಂದು ತಯಾರಿಸಿಕೊಳ್ಳುವ ಪಿರೊಲಿಜಿಡಿನ್ ಆಲ್ಕಲಾಯ್ಡ್ ಎಂಬ ವಿಷ. ಮೇದ ದನದ ಲಿವರ್ ಕೆಡಿಸುವ ವಿಷ ಅದು!

ಹೀಗೆ ಬರುವವುಗಳಲ್ಲಿ ಹೆಚ್ಚಿನವು ಗಂಡು. ಗಂಡಿನ ಹಿಂರೆಕ್ಕೆಯಲ್ಲಿ ಪುಟ್ಟದೊಂದು ಚೀಲವಿದೆ, ಹೊಟ್ಟೆಯ ತುದಿಯೊಳಗೆ ಎರಡು ಕೂದಲ ಕುಂಚಗಳಿವೆ. ಹೀರಿದ ವಿಷದಿಂದಲೇ ಪರಿಮಳ ತಯಾರಾಗುತ್ತದೆ. ಹೆಣ್ಣಿನೆದುರು ಕುಂಚ ಅರಳಿಸಿ ಅದನ್ನು ಬೀರುತ್ತದೆ. ಇದೇ ಬಳಗದ, ಅಮೆರಿಕದ ಕ್ವೀನ್ ಚಿಟ್ಟೆಯಲ್ಲಿ ವಿಷದ ಪಾಲು ಮಿಲನದಲ್ಲಿ ಹೆಣ್ಣಿಗೆ ದಾಟಿ, ಅವಳಿಂದ ಮೊಟ್ಟೆಗೂ ಸೇರುವುದನ್ನು ವಿಜ್ಞಾನಿಗಳು ತೋರಿಸಿದ್ದಾರೆ. ಇನ್ನೂ ಹುಟ್ಟದ ಮಕ್ಕಳಿಗೆ ಅಪ್ಪ ಕಟ್ಟಿಕೊಡುವ ಬುತ್ತಿ ಎಂದೇ ನನಗೆ ಅನ್ನಿಸುತ್ತದೆ. ಮೈಯಲ್ಲಿ ವಿಷವಿರುವುದರಿಂದಲೇ ಈ ಚಿಟ್ಟೆಗೆ ಅವಸರವಿಲ್ಲ, ತೇಲಿದಂತೆ ಹಾರುತ್ತದೆ. ಒಮ್ಮೆ ಬಾಯಿ ಹಾಕಿ ಕಹಿ ಕಂಡ ಹಕ್ಕಿ ಮತ್ತೆ ಸುಲಭಕ್ಕೆ ಮುಟ್ಟುವುದಿಲ್ಲ.

ಅರ್ಧ ಗ್ರಾಮೂ ತೂಗದ ಈ ಜೀವ ವರ್ಷಕ್ಕೊಮ್ಮೆ ಘಟ್ಟವನ್ನೇ ಬಿಡುತ್ತದೆ. ಏಪ್ರಿಲ್‌ನಿಂದ ಜೂನ್‌ವರೆಗೆ, ಮುಂಗಾರು ಹಿಡಿಯುವ ಹೊತ್ತಿಗೆ, ನೀಲಿ ಹುಲಿ, ಕಾಮನ್ ಕ್ರೋ ಮುಂತಾದ ನೆಂಟ ಚಿಟ್ಟೆಗಳ ಜೊತೆ ಗುಂಪುಗುಂಪಾಗಿ ಪೂರ್ವದ ಬಯಲಿಗೆ ಹೊರಡುತ್ತದೆ. ಕುಶಾಲನಗರದ ರಸ್ತೆಯಲ್ಲಿ ಗಾಡಿಯ ಗಾಜಿಗೆ ಬಡಿಯುವಷ್ಟು ಬರುವ ವರ್ಷಗಳೂ ಉಂಟು. ಮಳೆ ಹಿಂದೆ ಸರಿದ ಮೇಲೆ, ಅಕ್ಟೋಬರ್ ನವೆಂಬರ್‌ನಲ್ಲಿ, ಘಟ್ಟದ ಕಡೆಗೆ ಮರುಪಯಣ.

ಆ ದಿನ ಕಳೆ ತೆಗೆಯುತ್ತಿದ್ದ ಅಕ್ಕ ಒಂದು ಗಿಜಿಗಿಜಿ ಗಿಡ ಕಿತ್ತು ಬದಿಗೆ ಎಸೆದರು. ಚಿಟ್ಟೆಗಳು ಚದುರಿದವು. ಸಂಜೆ ಹೊರಡುವಾಗ ನೋಡಿದರೆ, ನಿಂತ ಗಿಡಗಳಿಗಿಂತ ಹೆಚ್ಚು ಚಿಟ್ಟೆ ಬೇರು ಮೇಲಾಗಿ ಬಿದ್ದಿದ್ದ ಆ ಗಿಡಕ್ಕೇ ಮುತ್ತಿದ್ದವು. ಮುರಿದ, ಜಜ್ಜಿದ ಗಿಡದಲ್ಲಿ ರಸ ಹೊರಗೇ ಇರುತ್ತದೆ, ಕೆರೆಯುವ ಕೆಲಸವಿಲ್ಲ. "ಇದನ್ನು ಇಲ್ಲೇ ಬಿಡ್ಲಾ?" ಎಂದರು ಅಕ್ಕ. ಬಿಡಿ ಎಂದೆ.